ಟೇಪು ಹಿಗ್ಗಿತು, ಬೀದಿ ಕುಗ್ಗಿತು

“ಪ್ಯಾಂಟು ಸರಿಯಾಗೇ ಇದೆ ಸಾರ್. ಕಡಿಮೆ ಆಗಿರೋದು ನೀವು.”

“ಏನಂದೆ?”

“ನಿಮ್ಮ ಕಾಲು ಗಿಡ್ಡ ಆಗಿದೆ ಅಂದೆ. ನನ್ನ ಹೊಲಿಗೆಗೆ ಬೈದರೆ ಕಾಲು ಉದ್ದ ಆಗುತ್ತಾ?”

ಲೈಬ್ರರಿ ನೋಡಿಕೊಳ್ಳುವ ಯಜಮಾನರು ಹೊಸ ಪ್ಯಾಂಟು ತೊಟ್ಟುಕೊಂಡೇ ಬಂದಿದ್ದರು. ಅದರ ಎರಡು ಕಾಲುಗಳೂ ಅವರ ಪಾದ ಮುಚ್ಚಿ, ಚಪ್ಪಲಿ ನುಂಗಿ, ಬೀದಿಯ ಧೂಳನ್ನೆಲ್ಲ ಗುಡಿಸಿಕೊಂಡು ಹಿಂದೆ ಹಿಂದೆ ಬಂದಿದ್ದವು. ಓದುವ ಕೋಣೆಯಲ್ಲಿ ಯಾರಾದರೂ ಜೋರಾಗಿ ಉಸಿರು ಬಿಟ್ಟರೂ ತುಟಿಯ ಮೇಲೆ ಬೆರಳಿಡುವ ಮನುಷ್ಯ, ಇವತ್ತು ಟೇಲರ್ ಅಂಗಡಿಯ ಬಾಗಿಲಲ್ಲಿ ನಿಂತು ಬೀದಿಯ ಆ ತುದಿಗೆ ಕೇಳುವಂತೆ ಕಿರುಚುತ್ತಿದ್ದರು. ಟೇಲರು ಕುಡಿದಿದ್ದಾನೆ ಎಂದರು. ಕಣ್ಣು ಹೋಗಿದೆ ಎಂದರು. ಕೊನೆಗೆ, ಇವನು ಜಿರಾಫೆಗೆ ಹೊಲಿಯುವುದಕ್ಕೆ ಲಾಯಕ್ಕು ಎಂದೂ ಹೇಳಿಬಿಟ್ಟರು.

ಟೇಲರ್ ಇಂಚುಮಾಸ್ತರಿಗೆ ಮೈಯೆಲ್ಲ ಉರಿದುಹೋಯಿತು. ಅವರಿಗೆ ಈ ಹೆಸರು ಸುಮ್ಮನೆ ಬಂದದ್ದಲ್ಲ. ಬೀದಿಯ ಗಂಡಸರ ಸೊಂಟ, ಹೆಂಗಸರ ಭುಜ, ತೀರಿಕೊಂಡವರ ಎದೆ, ಎಲ್ಲ ಅಳತೆಗಳೂ ಅವರ ತಲೆಯೊಳಗಿದ್ದವು. ಗಿರಾಕಿ ಬಟ್ಟೆ ತಂದು ಮುಂದಿಟ್ಟರೆ ಸಾಕು. ಮಾಸ್ತರು ಅವನ ಮುಖ ನೋಡಿ ಬಾಯಲ್ಲೇ ಅಳತೆ ಗುನುಗಿ, ಟೇಪು ಹಿಡಿದು ಗುರುತು ಹಾಕಿ, ಕತ್ತರಿ ಆಡಿಸುತ್ತಿದ್ದರು. ಒಬ್ಬನ ಅಳತೆಯನ್ನು ಎರಡನೇ ಸಲ ತೆಗೆಯುವುದೆಂದರೆ ಅವರಿಗೆ ಮಾನಹಾನಿ ಇದ್ದಂತೆ. ಆದರೂ ಆ ದಿನ ಮಾನ ಉಳಿಸಿಕೊಳ್ಳುವುದಕ್ಕೋಸ್ಕರವೇ ಮಾನಹಾನಿ ಮಾಡಿಕೊಳ್ಳಬೇಕಾಯಿತು. ಕೊರಳಿಗೆ ಹಾಕಿಕೊಂಡಿದ್ದ ಟೇಪು ಸರ್ರನೆ ಎಳೆದು ಲೈಬ್ರರಿಯವರ ಸೊಂಟದಿಂದ ಹಿಮ್ಮಡಿಗೆ ಬಿಟ್ಟರು.

“ಓದಿ ಸಾರ್. ಓದೋದು ನಿಮ್ಮ ಕೆಲಸ ತಾನೇ? ನೀವೇ ಓದಿ.”

ಲೈಬ್ರರಿಯವರು ಬಗ್ಗಿ ಓದಿದರು. ಮೂವತ್ತೆಂಟು.

“ನಿಮ್ಮ ಕಾಲು ನಲವತ್ತು. ನಿಮ್ಮ ಮದುವೆ ಸೂಟಿನಿಂದ ಇಲ್ಲೀತನಕ ನಲವತ್ತು. ಆ ಎರಡು ಇಂಚು ಎಲ್ಲಿ ಹಾಕಿ ಬಂದ್ರಿ?”

ಲೈಬ್ರರಿಯವರು ಅಲ್ಲೇ ಇದ್ದ ಸ್ಟೂಲಿನ ಮೇಲೆ ಕುಸಿದು ಕೂತು, ತಮ್ಮ ಮೊಣಕಾಲುಗಳನ್ನು ಯಾರದೋ ಸಾಮಾನು ನೋಡಿದ ಹಾಗೆ ನೋಡಿಕೊಂಡರು. ಈಚೆಗೆ ಮೇಲಿನ ಸಾಲಿನ ಪುಸ್ತಕ ಕೈಗೆ ಸಿಗುತ್ತಿಲ್ಲ, ಧೂಳು ಹಿಡಿದು ಪುಸ್ತಕಗಳೇ ಮೇಲಕ್ಕೆ ಹೋಗಿವೆಯೇನೋ ಅಂದುಕೊಂಡಿದ್ದೆ ಎಂದು ಸಣ್ಣ ದನಿಯಲ್ಲಿ ಹೇಳಿದರು.

ಇಲ್ಲಿ ಒಂದು ವಿಷಯ ಹೇಳಿಬಿಡಬೇಕು. ಇಲ್ಲದಿದ್ದರೆ ಓದುವವರು ಲೈಬ್ರರಿಯವರ ಕಾಲಿನ ಮೇಲೆ ಸುಮ್ಮನೆ ಅನುಮಾನ ಪಡುತ್ತಾರೆ. ಮಾಸ್ತರ ಟೇಪು ಅವರಿಗೆ ಕೆಲಸ ಕಲಿಸಿದ ಗುರುವಿನಿಂದ ಬಂದದ್ದು. ಬಟ್ಟೆಯ ಟೇಪು. ವರ್ಷಾನುಗಟ್ಟಲೆ ಸುರುಳಿ ಸುತ್ತಿ ಸುತ್ತಿ ನಾಯಿಬಾಲವಾಗಿತ್ತು. ಹೋದ ತಿಂಗಳು ಮಾಸ್ತರಿಗೆ ಅದನ್ನು ಹೊಸದು ಮಾಡುವ ಹುಚ್ಚು ಬಂತು. ಸೋಪಿನ ನೀರಿನಲ್ಲಿ ನೆನೆಸಿ, ತಿಕ್ಕಿ ತೊಳೆದು, ಕಿಟಕಿಯ ಸರಳಿಗೆ ಕಟ್ಟಿ, ಸುರುಳಿ ಹೋಗಲಿ ಎಂದು ಕೆಳತುದಿಗೆ ಕಬ್ಬಿಣದ ಇಸ್ತ್ರಿಪೆಟ್ಟಿಗೆ ನೇತುಹಾಕಿದರು. ಹೆಂಡತಿ ನೋಡಿ, ಅದೇನು ತಪ್ಪು ಮಾಡಿತು ಅಂತ ನೇಣಿಗೆ ಹಾಕಿದ್ದೀರಿ ಎಂದು ಕೇಳಿದ್ದಳು. ಮಾಸ್ತರು ನೆಂಟರ ಮನೆಗೆ ಹೊರಟುಹೋದರು. ವಾಪಸು ಬಂದಾಗ ಟೇಪು ಕವಾಯತಿಗೆ ನಿಂತ ಸಿಪಾಯಿಯ ಹಾಗೆ ನೆಟ್ಟಗಾಗಿತ್ತು. ಹಾಗೆಯೇ ಒಳ್ಳೆಯ ಮೂರು ಇಂಚು ಬೆಳೆದೂ ಇತ್ತು. ಬೆಳೆದದ್ದು ಟೇಪಿಗೂ ಗೊತ್ತಿರಲಿಲ್ಲ, ಮಾಸ್ತರಿಗೂ ಗೊತ್ತಿರಲಿಲ್ಲ. ಅದರ ಮೇಲಿದ್ದ ಅಂಕಿಗಳು ಮಾತ್ರ ಒಂದರಿಂದ ಒಂದು ದೂರ ಸರಿದು ಆರಾಮವಾಗಿ ಕೂತಿದ್ದವು.

“ಸೊಂಟಾನೂ ನೋಡಿಬಿಡಿ,” ಎಂದರು ಲೈಬ್ರರಿಯವರು, ಎಲ್ಲ ಕೆಟ್ಟ ಸುದ್ದಿಯೂ ಒಟ್ಟಿಗೇ ಬರಲಿ ಎನ್ನುವಂತೆ.

ಸೊಂಟವೂ ಎರಡು ಇಂಚು ಕಡಿಮೆಯಾಗಿತ್ತು. ಈ ಮಾತು ಕಿವಿಗೆ ಬಿದ್ದದ್ದೇ ತಡ, ಒಳಗೆ ಒಲೆಯ ಮುಂದಿದ್ದ ಮಾಸ್ತರ ಹೆಂಡತಿ ಸೌಟು ಹಿಡಿದುಕೊಂಡೇ ಹೊರಗೆ ಬಂದಳು.

“ರೀ, ನನ್ನ ಸೊಂಟ ನೋಡ್ರಿ.”

ನೋಡಿದರು. ಕಡಿಮೆಯಾಗಿತ್ತು. ಅವಳು ಸೌಟನ್ನು ಲೈಬ್ರರಿಯವರ ಕೈಗೆ ಕೊಟ್ಟು ಕನ್ನಡಿಯ ಮುಂದೆ ನಿಂತಳು.

ಇಷ್ಟೆಲ್ಲ ನಡೆಯುವಾಗ ಅಂಗಡಿಯ ಮೂಲೆಯಲ್ಲಿ ತಗ್ಗು ಕುರ್ಚಿಯ ಮೇಲೆ ಕೂತಿದ್ದ ಮಾಸ್ತರ ಅತ್ತೆ ತಲೆ ಎತ್ತಲಿಲ್ಲ. ಆಕೆ ಅಂಗಿಗೆ ಕಾಜಾ ಹಾಕುತ್ತಿದ್ದರು. ಗುಂಡಿ ತೂರಿಸುವ ಆ ಸಣ್ಣ ಸೀಳಿನ ಸುತ್ತ ಆಕೆ ಹಾಕುವ ಹೊಲಿಗೆ ಎಂಥದೆಂದರೆ, ಅಂಗಿ ಹರಿದು ಒರೆಸುವ ಬಟ್ಟೆಯಾದರೂ ಕಾಜಾ ಮಾತ್ರ ಹಾಗೇ ಇರುತ್ತಿತ್ತು. ಮಾಸ್ತರ ಅಂಗಡಿಯ ಹೆಸರು ಅರ್ಧ ನಿಂತದ್ದು ಕತ್ತರಿಯ ಮೇಲೆ, ಇನ್ನರ್ಧ ಅತ್ತೆಯ ಸೂಜಿಯ ಮೇಲೆ. ಪ್ಯಾಂಟಿನ ಅಂಚು ಮಡಚುವುದು, ಕೊಕ್ಕೆ ಹಾಕುವುದು, ಗುಂಡಿ ಹಚ್ಚುವುದು ಎಲ್ಲವೂ ಆಕೆಯದೇ. ಇದು ಮಾಸ್ತರಿಗೆ ಚೆನ್ನಾಗಿ ಗೊತ್ತಿತ್ತು. ಆಕೆಗೆ ಗೊತ್ತಾಗದಿರಲಿ ಎಂದು ಅವರು ಬಹಳ ಎಚ್ಚರಿಕೆಯಿಂದಿದ್ದರು.

ಅತ್ತೆಗೊಬ್ಬಳು ತಂಗಿ ಇದ್ದಳು. ಮಾರ್ಕೆಟ್ಟಿನ ಹಿಂದೆ, ಛಾಪಖಾನೆಯ ಮೇಲೆ, ಮೂರನೇ ಮಹಡಿಯಲ್ಲಿ ಒಬ್ಬಳೇ ಇದ್ದಳು. ಬಾ ಅಕ್ಕ, ಇಬ್ಬರೂ ಒಟ್ಟಿಗೆ ಇರೋಣ, ಎರಡು ಕೋಣೆ ಇದೆ, ಗಾಳಿ ಇದೆ ಎಂದು ಕರೆಯುತ್ತಲೇ ಇದ್ದಳು. ಅತ್ತೆಗೂ ಹೋಗುವ ಆಸೆ. ಆದರೆ ಮೆಟ್ಟಿಲು ಹತ್ತುವುದು ಹೇಗೆ? “ನನ್ನ ಮೂಳೆ ಒಣಗಿದ ಕಡ್ಡಿ ಕಣೇ,” ಎಂದು ನಿಟ್ಟುಸಿರು ಬಿಡುತ್ತಿದ್ದರು. ಮಾಸ್ತರು ಪಕ್ಕದಿಂದಲೇ, ಹೌದು ಅತ್ತೆ, ಮೆಟ್ಟಿಲು ಬಹಳ ಕೆಟ್ಟದ್ದು, ನಿಮ್ಮ ಮೂಳೆಗೆ ಈ ಕುರ್ಚಿಯೇ ವಾಸಿ ಎಂದು ಹೇಳಿ, ಇನ್ನೊಂದು ಅಂಗಿ ಆಕೆಯ ಮಡಿಲಿಗೆ ಇಡುತ್ತಿದ್ದರು. ಆ ಮೂರು ಮಹಡಿ ಕಟ್ಟಿದ ಮೇಸ್ತ್ರಿಗೆ ಅವರು ಮನಸ್ಸಿನಲ್ಲೇ ಎಷ್ಟು ಸಲ ಕೈಮುಗಿದಿದ್ದರೋ.

ಮಾರನೇ ದಿನದ ಹೊತ್ತಿಗೆ ಬೀದಿಗೆ ಬೀದಿಯೇ ಅಂಗಡಿಯ ಮುಂದೆ ನಿಂತಿತ್ತು. ಎಲ್ಲರಿಗೂ ಅಳತೆ ಬೇಕಿತ್ತು. ಮಾಸ್ತರು ಒಬ್ಬೊಬ್ಬರನ್ನೇ ಗೋಡೆಗೆ ಒರಗಿಸಿ ಎತ್ತರ ತೆಗೆದರು, ಆಮೇಲೆ ಸೊಂಟ ತೆಗೆದರು. ಒಂದೇ ಮನುಷ್ಯ ಗೋಡೆಯ ಹತ್ತಿರ ಅಳುಮುಖ ಮಾಡಿ, ಎರಡು ಹೆಜ್ಜೆ ಆಚೆ ಬಂದು ಸೊಂಟದ ಅಂಕಿ ಕೇಳಿ ಹಲ್ಲು ಬಿಡುತ್ತಿದ್ದ. ಎತ್ತರ ಹೋದದ್ದು ಮೂಳೆ ಸವೆದದ್ದರಿಂದ, ಸೊಂಟ ಹೋದದ್ದು ತಾನು ಮಿತವಾಗಿ ಉಣ್ಣುವುದರಿಂದ ಎಂದು ಪ್ರತಿಯೊಬ್ಬನೂ ತಾನೇ ತೀರ್ಮಾನ ಮಾಡಿಕೊಂಡ. ಕೆಟ್ಟದ್ದಕ್ಕೆ ದೇಹ ಕಾರಣ, ಒಳ್ಳೆಯದಕ್ಕೆ ತಾನು ಕಾರಣ ಎನ್ನುವ ಮನುಷ್ಯನಿಗೆ ಟೇಪು ಬದಲಾಯಿಸಿದರೂ ಏನೂ ಪ್ರಯೋಜನವಿಲ್ಲ, ಆ ಮಾತು ಬೇರೆ.

ಎಲ್ಲರೂ ಹೋದ ಮೇಲೆ ಮಾಸ್ತರು ತಮ್ಮನ್ನೇ ಅಳೆಸಿಕೊಂಡರು. ಹೆಂಡತಿ ಸ್ಟೂಲಿನ ಮೇಲೆ ಹತ್ತಿ ಟೇಪು ಹಿಡಿದಳು. ಅವರು ಯಾವತ್ತೂ ಐದು ಅಡಿ ಆರು ಇಂಚು. ಅವಳು ಓದಿದ್ದು ಐದು ಅಡಿ ಮೂರು ಇಂಚು. ಇನ್ನೊಂದು ಸಲ ಓದಿಸಿದರು. ಕಾಲ್ಬೆರಳ ಮೇಲೆ ನಿಂತು ಓದಿಸಿದರು. ಆಗ ಐದಡಿ ಆರಾಯಿತು, ಆದರೆ ಹಾಗೇ ಬದುಕುವುದಕ್ಕೆ ಆಗುವುದಿಲ್ಲ.

ಗಿರಾಕಿಗಳು ಕುಗ್ಗಿದರೆ ಪ್ಯಾಂಟು ಗಿಡ್ಡ ಮಾಡಿದರಾಯಿತು. ಟೇಲರೇ ಕುಗ್ಗಿದರೆ? ನಾಳೆ ಮಿಷನ್ನಿನ ಪೆಡಲು ಎಟುಕದಿದ್ದರೆ? ಅವರು ಅವತ್ತು ಸರಿಯಾಗಿ ಉಣ್ಣಲಿಲ್ಲ. ಮರುದಿನ ಬೆಳಿಗ್ಗೆ ಹೆಂಡತಿಯನ್ನೂ ಅತ್ತೆಯನ್ನೂ ಕರೆದುಕೊಂಡು ಮೂಳೆ ಡಾಕ್ಟರ ಹತ್ತಿರ ಹೋದರು.

ಡಾಕ್ಟರು ಸಮಾಧಾನದ ಮನುಷ್ಯ. ಮಾಸ್ತರು ಹೇಳಿದ್ದನ್ನೆಲ್ಲ ಕೇಳಿ, ಗೋಡೆಗೆ ಹೊಡೆದಿದ್ದ ಅಳತೆಪಟ್ಟಿಯ ಕೆಳಗೆ ನಿಲ್ಲಿಸಿ, ನೋಡಿ, ಐದು ಅಡಿ ಆರು, ಏನೂ ಹೋಗಿಲ್ಲ ಎಂದರು.

“ನಿಮ್ಮ ಗೋಡೆ ತಪ್ಪು ಡಾಕ್ಟ್ರೇ.”

“ಗೋಡೆ ಹೇಗ್ರೀ ತಪ್ಪಾಗುತ್ತೆ?”

“ಪಾಯ ಕೂತಿರಬಹುದು. ಮನೆ ಕೂತರೆ ಪಟ್ಟೀನೂ ಇಳಿಯುತ್ತೆ. ನಂದು ಗುರುಗಳ ಟೇಪು.”

ಡಾಕ್ಟರು ನಕ್ಕು, ಮುಂದಿನವರನ್ನು ಕರೆಯಲು ಕುರ್ಚಿಯಿಂದ ಎದ್ದರು. ಎದ್ದದ್ದೇ ತಪ್ಪಾಯಿತು. ಅವರ ಪ್ಯಾಂಟಿನ ಕಾಲುಗಳು ಕೆಳಗೆ ಎರಡು ಮಡಿಕೆ ಮಡಿಸಿಕೊಂಡಿದ್ದವು. ಅದು ಹೋದ ವಾರವಷ್ಟೇ ಮಾಸ್ತರು ಹೊಲಿದುಕೊಟ್ಟ ಪ್ಯಾಂಟು. ಮಾಸ್ತರು ಅತ್ತ ಬೆರಳು ತೋರಿಸಿದರು. ಡಾಕ್ಟರು ತಮ್ಮ ಪಾದ ನೋಡಿಕೊಂಡರು, ಗೋಡೆ ನೋಡಿದರು, ಮತ್ತೆ ಪಾದ ನೋಡಿಕೊಂಡು ನಿಧಾನವಾಗಿ ಕೂತರು. ಆಮೇಲೆ ಅವರು ಕೊಟ್ಟ ಬುದ್ಧಿವಾದದಲ್ಲಿ ಬಹಳ ಕಳಕಳಿಯಿತ್ತು. ಯಾರಿಗೇ ಆಗಲಿ ವಯಸ್ಸಾಗುತ್ತ ಮೂಳೆ ಸಡಿಲಾಗುವುದುಂಟು, ಅದಕ್ಕೆ ಹೆದರಿ ಕೂತರೆ ಇನ್ನಷ್ಟು ಸಡಿಲಾಗುತ್ತದೆ ಎಂದರು. ದಿನಾ ಚುರುಕಾಗಿ ನಡೆಯಬೇಕು. ಮೆಟ್ಟಿಲು ಹತ್ತಬೇಕು. ಕೈಗೆ ಒಗ್ಗುವಷ್ಟು ಭಾರ ಎತ್ತಿ ಇಳಿಸಬೇಕು. ಬಿಸಿಲಿಗೆ ಮೈ ಒಡ್ಡಬೇಕು. ಹಾಲು, ಮೊಸರು, ಸೊಪ್ಪು, ಕಾಳು ತಪ್ಪಿಸಬಾರದು. ಬೀಡಿ ಬಿಡಬೇಕು. ಕೊನೆಯ ಮಾತು ಹೇಳುವಾಗ ಮಾಸ್ತರ ಜೇಬನ್ನೇ ನೋಡಿದರು.

ಅತ್ತೆಯನ್ನು ಮಾತ್ರ ಅವರು ಬೇರೆಯಾಗಿ ಪರೀಕ್ಷೆ ಮಾಡಿದರು. ಮೂಳೆಯ ಚಿತ್ರ ತೆಗೆಸಿ, ದೀಪಕ್ಕೆ ಹಿಡಿದು ನೋಡಿ, ಮಾಸ್ತರಿಗೆ ಸ್ವಲ್ಪವೂ ಸೇರದ ಮಾತು ಹೇಳಿದರು.

“ಅಮ್ಮ, ನಿಮ್ಮ ಮೂಳೆ ಸ್ವಲ್ಪ ಸೋತಿದೆ. ಕಡ್ಡಿ ಏನೂ ಆಗಿಲ್ಲ. ಯಾರು ನಿಮಗೆ ಕೂತುಕೊಳ್ಳಿ ಅಂದವರು?”

ಅತ್ತೆ ಅಳಿಯನ ಕಡೆ ನೋಡಲಿಲ್ಲ. ಕೂತು ಕೂತು ಅಭ್ಯಾಸವಾಗಿದೆ ಅಷ್ಟೇ ಎಂದರು. ಡಾಕ್ಟರು ಮಾತ್ರೆ ಬರೆದುಕೊಟ್ಟು, ಮೊದಮೊದಲು ಗೋಡೆ ಹಿಡಿದು, ಆಮೇಲೆ ಕೈಬಿಟ್ಟು, ನಿಧಾನವಾಗಿ ಮಾಡಿ, ಬೀಳಬೇಡಿ, ಆದರೆ ಬಿಡಬೇಡಿ ಎಂದು ಹೇಳಿ ಕಳಿಸಿದರು.

ಮಾಸ್ತರು ದಾರಿಯುದ್ದಕ್ಕೂ ಯೋಚನೆ ಮಾಡಿದರು. ಅವರ ಯೋಚನೆ ಯಾವಾಗಲೂ ಕತ್ತರಿಸಿದ ಬಟ್ಟೆಯ ಹಾಗೆ, ಒಂದು ತುಂಡಿಗೂ ಇನ್ನೊಂದಕ್ಕೂ ಸಂಬಂಧವಿರುವುದಿಲ್ಲ. ಮೂಳೆ ಗಟ್ಟಿಯಾದರೆ ಅತ್ತೆ ಇನ್ನೂ ಜಾಸ್ತಿ ಹೊತ್ತು ಕೂತು ಕಾಜಾ ಹಾಕಬಹುದು ಎನ್ನುವುದು ಅವರಿಗೆ ಹೊಳೆಯಿತು. ಗಟ್ಟಿ ಮೂಳೆಯವರು ಯಾಕೆ ಕೂತಿರುತ್ತಾರೆ ಎನ್ನುವುದು ಹೊಳೆಯಲಿಲ್ಲ.

ಬೀದಿಯಲ್ಲಿ ಮೂಳೆಯ ಕಾಲ ಶುರುವಾಯಿತು. ಬೆಳಿಗ್ಗೆ ಬೆಳಿಗ್ಗೆ ಅಂಗಡಿಯ ಹಿಂದಿನ ಅಂಗಳದಲ್ಲಿ ಎಲ್ಲರೂ ಸೇರುತ್ತಿದ್ದರು. ಮಾಸ್ತರು ಮುಂದೆ ನಿಂತು ಎರಡು ಕೈಯಲ್ಲೂ ಇಸ್ತ್ರಿಪೆಟ್ಟಿಗೆ ಹಿಡಿದು ಎತ್ತಿ ಇಳಿಸುತ್ತಿದ್ದರು. ಉಳಿದವರು ಮನೆಯಲ್ಲಿ ಸಿಕ್ಕಿದ ಭಾರ ತಂದಿರುತ್ತಿದ್ದರು. ಔಷಧಿ ಅಂಗಡಿಯವನು ಕ್ಯಾಲ್ಸಿಯಂ ಡಬ್ಬಗಳನ್ನು ಗೋಪುರ ಮಾಡಿ ಬಾಗಿಲಿಗೇ ಇಟ್ಟಿದ್ದ. ಬೆನ್ನು ನೆಟ್ಟಗೆ ಎಂದು ಮಾಸ್ತರು ಕೂಗಿದರೆ ಬೀದಿಯಲ್ಲಿ ಹೋಗುವವರೂ ನೆಟ್ಟಗಾಗುತ್ತಿದ್ದರು. ಮಾಸ್ತರು ವಾರಕ್ಕೊಮ್ಮೆ ಎಲ್ಲರನ್ನೂ ಅಳೆದು, ಇನ್ನಷ್ಟು ಕುಗ್ಗಿಲ್ಲ, ವ್ಯಾಯಾಮ ಹಿಡಿದು ನಿಲ್ಲಿಸಿದೆ ಎಂದು ಸಾರುತ್ತಿದ್ದರು.

ಲೈಬ್ರರಿಯವರಿಗೆ ಇಷ್ಟು ಸಾಕಾಗಲಿಲ್ಲ. ಹೋದ ಎರಡು ಇಂಚು ವಾಪಸು ಬೇಕೇ ಬೇಕು ಎಂದು ಹಟ ಹಿಡಿದು, ಓದುವ ಕೋಣೆಯ ಬಾಗಿಲ ಚೌಕಟ್ಟಿಗೆ ನೇತಾಡತೊಡಗಿದರು. ಬಿಡುವು ಸಿಕ್ಕಾಗಲೆಲ್ಲ ನೇತಾಡುತ್ತಿದ್ದರು. ಪೇಪರು ಓದಲು ಬಂದವರು ಅವರ ಕಾಲನ್ನು ಪರದೆಯ ಹಾಗೆ ಪಕ್ಕಕ್ಕೆ ಸರಿಸಿ ಒಳಗೆ ಹೋಗಬೇಕಾಗಿತ್ತು. ಒಮ್ಮೆ ಮೇಲಧಿಕಾರಿಗಳು ತಪಾಸಣೆಗೆ ಬಂದವರು, ಇದೇನ್ರೀ ಎಂದು ಕೇಳಿದರಂತೆ. ಲೈಬ್ರರಿಯವರು ಕೆಳಗಿಳಿಯದೆ, ಕೈ ಬಿಡುವಂತಿಲ್ಲವಾದ್ದರಿಂದ ಗಲ್ಲದಿಂದಲೇ ಗೋಡೆಯ ಮೇಲಿನ ‘ನಿಶ್ಶಬ್ದ’ ಹಲಗೆಯನ್ನು ತೋರಿಸಿದರಂತೆ.

ಈ ಗದ್ದಲದಲ್ಲಿ ಅತ್ತೆಯ ಕಡೆ ಯಾರೂ ಗಮನ ಕೊಡಲಿಲ್ಲ. ಆಕೆ ಮೊದಲು ಕುರ್ಚಿಯ ಕೈ ಹಿಡಿದು ಎದ್ದು ಕೂತು, ಎದ್ದು ಕೂತು ಮಾಡಿದರು. ಆಮೇಲೆ ಕೈ ಹಿಡಿಯದೆ ಮಾಡಿದರು. ಮೊದಲು ದೊಡ್ಡ ಕತ್ತರಿ ಎತ್ತಿದರು, ಆಮೇಲೆ ಸಣ್ಣ ಇಸ್ತ್ರಿಪೆಟ್ಟಿಗೆ. ಬೀದಿಯ ಅರ್ಧಕ್ಕೆ ಹೋಗಿ ವಾಪಸು ಬರುತ್ತಿದ್ದವರು ಕೊನೆಯ ಮನೆಯ ತನಕ ಹೋಗಿ ಬರತೊಡಗಿದರು. ಲೈಬ್ರರಿಗೆ ಹೋಗಿ, ಪಕ್ಕದ ಕಟಾಂಜನದ ಕಂಬಿ ಹಿಡಿದು ಮೇಲಿನ ಅಟ್ಟದ ಮೆಟ್ಟಿಲು ಹತ್ತಿಳಿದು ಬರುತ್ತಿದ್ದರು. ನೇತಾಡುತ್ತಿದ್ದ ಲೈಬ್ರರಿಯವರು, ನಿಧಾನ ಅಮ್ಮ, ನಿಧಾನ ಎಂದು ಮೇಲಿನಿಂದ ಹೇಳುತ್ತಿದ್ದರು. ಒಂದು ಬೆಳಿಗ್ಗೆ ಅತ್ತೆ ನೀರಿನ ಕೊಡ ಎತ್ತಿ ಸೊಂಟಕ್ಕಿಟ್ಟುಕೊಂಡು ಬಂದಾಗ ಮಗಳು ಗಾಬರಿಯಾದಳು. ಮಾಸ್ತರು ಖುಷಿಯಿಂದ ತೊಡೆ ತಟ್ಟಿಕೊಂಡರು. ಅವರ ಕಣ್ಣಿಗೆ ಕಂಡದ್ದು ಕೊಡವಲ್ಲ, ಸಾಲು ಸಾಲು ಕಾಜಾ.

ಎಲ್ಲವೂ ಹೀಗೇ ನಡೆಯಬಹುದಿತ್ತು. ಆದರೆ ಮಾಸ್ತರಿಗೆ ಗೆದ್ದ ಜಗಳ ಗೆದ್ದಲ್ಲೇ ಬಿಡುವ ಅಭ್ಯಾಸವಿರಲಿಲ್ಲ. ಗಿರಾಕಿಯೊಬ್ಬ ಎದುರಿನ ಜವಳಿ ಅಂಗಡಿಯಿಂದ ಬಟ್ಟೆ ಕೊಂಡು ತಂದ. ಮಾಸ್ತರು ಟೇಪು ಹಾಕಿ ನೋಡಿದರೆ ಬಟ್ಟೆ ಕಡಿಮೆ ಬಂತು. ಇನ್ನೊಬ್ಬ ತಂದದ್ದೂ ಕಡಿಮೆ. ಮೂರನೆಯವನದೂ ಕಡಿಮೆ. ಮಾಸ್ತರು ಹುಬ್ಬು ಗಂಟಿಕ್ಕಿಕೊಂಡು ಲೆಕ್ಕ ಹಾಕಿದರು. ಮನುಷ್ಯ ಕುಗ್ಗುತ್ತಾನೆ, ಸರಿ. ಅವನಿಗೆ ಮೂಳೆ ಇದೆ. ಬಟ್ಟೆ ಯಾಕೆ ಕುಗ್ಗಬೇಕು? ಬಟ್ಟೆಗೆ ಮೂಳೆ ಇಲ್ಲ. ಅಂದಮೇಲೆ ಇದು ಮೋಸ.

ನೇರ ಎದುರಿನ ಅಂಗಡಿಗೆ ನುಗ್ಗಿ, ಜವಳಿಯವನ ಮೀಟರ್ ಕಡ್ಡಿ ಕಿತ್ತುಕೊಂಡು, ಕಳ್ಳ ಎಂದುಬಿಟ್ಟರು. ಜವಳಿಯವನು ಮೂರು ತಲೆಮಾರಿನಿಂದ ಆ ಬೀದಿಯಲ್ಲಿದ್ದವನು. ಅವನ ಮುಖ ಕೆಂಪೇರಿತು. ಬೆಳಗಿನ ವ್ಯಾಯಾಮದಲ್ಲಿ ಮಾಸ್ತರ ಪಕ್ಕದಲ್ಲೇ ನಿಂತು ಭಾರ ಎತ್ತುತ್ತಿದ್ದವನು ಅವನೇ. ಆ ಎತ್ತಿದ ಕೈ ಈಗ ಮಾಸ್ತರ ಕಾಲರಿಗೆ ಬಂತು. ಜನ ಬಿಡಿಸಿದರು. ಮಾಸ್ತರು ಆ ಕ್ಷಣವೇ ಕಚೇರಿಗೆ ಹೋಗಿ ಅಳತೆ-ತೂಕದ ಇನ್‌ಸ್ಪೆಕ್ಟರಿಗೆ ದೂರು ಹೇಳಿ ಬಂದರು.

ಇನ್‌ಸ್ಪೆಕ್ಟರು ಮರುದಿನವೇ ಬಂದರು. ಇಡೀ ಬೀದಿ ಜವಳಿ ಅಂಗಡಿಯ ಮುಂದೆ ಸೇರಿತು. ಲೈಬ್ರರಿಗೆ ಬೀಗ ಹಾಕಿ ಲೈಬ್ರರಿಯವರೂ ಬಂದರು. ಇನ್‌ಸ್ಪೆಕ್ಟರು ಮರದ ಪೆಟ್ಟಿಗೆ ತೆಗೆದು, ಅದರೊಳಗಿನ ಬಟ್ಟೆ ಬಿಡಿಸಿ, ಸ್ಟೀಲಿನ ಕಡ್ಡಿಯೊಂದನ್ನು ಎರಡು ಕೈಯಲ್ಲಿ ಎತ್ತಿ ಮೇಜಿನ ಮೇಲಿಟ್ಟರು. ಆಗಷ್ಟೇ ಹುಟ್ಟಿದ ಮಗುವನ್ನು ಕೂಡ ಯಾರೂ ಅಷ್ಟು ಜೋಪಾನವಾಗಿ ಇಡುವುದಿಲ್ಲ. ಜವಳಿಯವನ ಕಡ್ಡಿ ಪಕ್ಕದಲ್ಲಿ ಬಂತು. ಕೂದಲೆಳೆಯಷ್ಟೂ ವ್ಯತ್ಯಾಸವಿರಲಿಲ್ಲ. ಜವಳಿಯವನು ಮಾಸ್ತರ ಕಡೆ ನೋಡಿದ. ಮಾಸ್ತರು ಬೇರೆ ಕಡೆ ನೋಡಿದರು.

“ನೀವು ಯಾವುದರಲ್ಲಿ ಅಳೆದಿರಿ?” ಎಂದು ಇನ್‌ಸ್ಪೆಕ್ಟರು ಕೇಳಿದರು.

ಮಾಸ್ತರು ಕೊರಳಿನಿಂದ ಟೇಪು ತೆಗೆದು ಎಲ್ಲರಿಗೂ ಕಾಣುವಂತೆ ಬಿಡಿಸಿ ಕೊಟ್ಟರು. ಇನ್‌ಸ್ಪೆಕ್ಟರು ಅದನ್ನು ಸ್ಟೀಲಿನ ಕಡ್ಡಿಯ ಮೈಮೇಲೆ ಮಲಗಿಸಿದರು. ಒಂದು ಮೀಟರಿನ ಕಡ್ಡಿ ಮುಗಿದರೂ ಟೇಪಿನಲ್ಲಿ ಬರಬೇಕಾದ ಮೂವತ್ತೊಂಬತ್ತು ಇಂಚು ಬರಲೇ ಇಲ್ಲ. ಅವರು ಕನ್ನಡಕ ಒರೆಸಿಕೊಂಡು ಇನ್ನೊಮ್ಮೆ ಮಲಗಿಸಿದರು. ಬರಲಿಲ್ಲ.

“ನಿಮ್ಮ ಕಡ್ಡಿ ಕುಗ್ಗಿದೆ ಸಾರ್,” ಎಂದರು ಮಾಸ್ತರು.

“ಇದು ಸ್ಟೀಲು.”

“ಎಷ್ಟು ವರ್ಷದ್ದು? ಅದಕ್ಕೂ ವಯಸ್ಸಾಗುತ್ತೆ.”

ಇನ್‌ಸ್ಪೆಕ್ಟರ ಕೆಲಸದ ಜೀವನದಲ್ಲಿ ಸರ್ಕಾರದ ಮೀಟರಿಗೇ ವಯಸ್ಸಾಗಿದೆ ಎಂದವನು ಇವನೊಬ್ಬನೇ. ಅವರಿಗೆ ಸಿಟ್ಟು ಬರುವ ಬದಲು ಒಂದು ರೀತಿಯ ದಣಿವಾಯಿತು. ಅಷ್ಟರಲ್ಲಿ ಗುಂಪಿನ ಹಿಂದಿನಿಂದ ಮಾಸ್ತರ ಹೆಂಡತಿಯ ದನಿ ಬಂತು. ಅವಳಿಗೆ ಗಂಡನ ಮಾನ ಕಳೆಯುವ ಉದ್ದೇಶವೇನೂ ಇರಲಿಲ್ಲ. ನೆನಪಾದದ್ದನ್ನು ನೆನಪಾದಲ್ಲೇ ಹೇಳುವ ಹೆಂಗಸು ಅವಳು.

“ರೀ, ಅದನ್ನ ಒದ್ದೆ ಮಾಡಿ ಇಸ್ತ್ರಿಪೆಟ್ಟಿಗೆ ಕಟ್ಟಿ ನೇತುಹಾಕಿದ್ರಲ್ಲ, ಅವತ್ತು ಹಿಗ್ಗಿರಬೇಕು.”

ಬೀದಿ ಒಂದು ಉಸಿರು ತಗೊಂಡಿತು. ಆಮೇಲೆ ಒಬ್ಬೊಬ್ಬರ ತಲೆಯಲ್ಲೂ ಲೆಕ್ಕ ಶುರುವಾದದ್ದು ಮುಖದ ಮೇಲೇ ಕಂಡಿತು. ಎತ್ತರ ಕಳೆದುಕೊಂಡವರು ಕಾಲು ತಡವಿಕೊಂಡು, ದೇವರ ದಯೆ, ಎಲ್ಲ ಇಲ್ಲೇ ಇದೆ ಎಂದುಕೊಂಡು ಹಗುರಾದರು. ಅವರಿಂದ ತೊಂದರೆಯಾಗಲಿಲ್ಲ. ತೊಂದರೆಯಾದದ್ದು ಸೊಂಟದವರಿಂದ. ಎಷ್ಟೋ ವರ್ಷಗಳ ಮೇಲೆ ಸಣ್ಣಗಾಗಿದ್ದೇವೆಂದು ನೆಂಟರಿಷ್ಟರಿಗೆಲ್ಲ ಹೇಳಿಕೊಂಡು ತಿರುಗಿದವರು, ಒಂದು ಕ್ಷಣದಲ್ಲಿ ನಿಂತಲ್ಲೇ ದಪ್ಪಗಾಗಿಬಿಟ್ಟರು. ಆ ಕೋಪ ಸಾಮಾನ್ಯದ್ದಲ್ಲ. ಮಾಸ್ತರನ್ನು ಹುಟ್ಟಿಸಿದವರಿಂದ ಹಿಡಿದು ಕಲಿಸಿದವರ ತನಕ ಯಾರನ್ನೂ ಬಿಡಲಿಲ್ಲ. ಎಲ್ಲರಿಗಿಂತ ಜೋರಾಗಿ ಕೂಗಿದವಳು ಮಾಸ್ತರ ಹೆಂಡತಿಯೇ. ತಾನು ಆಡಿದ ಮಾತಿನ ಅರ್ಥ ಅವಳಿಗೆ ಆಗಷ್ಟೇ ತಿಳಿದಿತ್ತು.

ಇನ್‌ಸ್ಪೆಕ್ಟರು ಟೇಪನ್ನು ಎರಡು ಬೆರಳಲ್ಲಿ ಹಿಡಿದೆತ್ತಿ, ಇನ್ನು ಮೇಲೆ ಇದರಲ್ಲಿ ಏನನ್ನೂ ಅಳೆಯಬಾರದು ಎಂದು ಹೇಳಿ ತಮ್ಮ ಜೊತೆಗೇ ತೆಗೆದುಕೊಂಡು ಹೋದರು. ಬರಿಗೊರಳಿನಲ್ಲಿ ನಿಂತ ಮಾಸ್ತರನ್ನು ಆ ಬೀದಿ ನೋಡಿದ್ದು ಅದೇ ಮೊದಲು.

ಮಾರನೇ ಬೆಳಿಗ್ಗೆ ಅಂಗಳಕ್ಕೆ ವ್ಯಾಯಾಮಕ್ಕೆ ಯಾರೂ ಬರಲಿಲ್ಲ. ಅಂಗಡಿಗೆ ಎಲ್ಲರೂ ಬಂದರು. ಉದ್ದವಾದ ಪ್ಯಾಂಟು, ಜೋಲುವ ತೋಳಿನ ಅಂಗಿ, ಸೊಂಟ ನಿಲ್ಲದ ಲಂಗ, ಎಲ್ಲವನ್ನೂ ತಂದು ಮೇಜಿನ ಮೇಲೆ ಎಸೆದರು. ಡಾಕ್ಟರು ತಾವು ಬರದೆ ಪ್ಯಾಂಟು ಮಾತ್ರ ಕಳಿಸಿದರು. ಗುಡ್ಡದ ಹಾಗೆ ಬಿದ್ದ ಬಟ್ಟೆಯ ಹಿಂದೆ ಮಾಸ್ತರು ಕೂತಿದ್ದು ಬರೀ ಹಣೆಯ ತನಕ ಕಾಣುತ್ತಿತ್ತು. ಬಿಚ್ಚಬೇಕು, ಕತ್ತರಿಸಬೇಕು, ಅಂಚು ಮಡಚಬೇಕು, ಕೊಕ್ಕೆ ಜರುಗಿಸಬೇಕು. ಎಲ್ಲವೂ ಕೈಹೊಲಿಗೆಯ ಕೆಲಸ. ಅವರು ಮೂಲೆಯ ಕುರ್ಚಿಯ ಕಡೆ ನೋಡಿದರು. ಖಾಲಿ.

ಅತ್ತೆ ಹೊರಗಿನಿಂದ ಬಂದರು. ನಡೆದು ಬಂದ ಬಿಸಿಗೆ ಮುಖದಲ್ಲಿ ಬಣ್ಣ ಬಂದಿತ್ತು. ಒಳಗೆ ಹೋಗಿ ತಮ್ಮ ಬಟ್ಟೆಬರೆ ತುಂಬಿದ ಚೀಲ ಹಿಡಿದುಕೊಂಡು ಮತ್ತೆ ಹೊರಗೆ ಬಂದರು.

“ಅತ್ತೆ, ಎಲ್ಲಿಗೆ ಹೋಗಿದ್ರಿ? ಇನ್ನು ನಡೆಯೋದು ಬೇಕಿಲ್ಲ. ಎಲ್ಲ ಟೇಪಿನ ತಪ್ಪು ಅಂತ ಗೊತ್ತಾಯ್ತಲ್ಲ. ಕೂತ್ಕೊಳ್ಳಿ.”

“ತಂಗಿ ಮನೆಗೆ ಹೋಗ್ತಿದ್ದೀನಿ ಅಳಿಯಂದ್ರೇ.”

“ಮೂರು ಮಹಡಿ ಅತ್ತೆ.”

“ಗೊತ್ತು. ನಿನ್ನೆ ನೀವೆಲ್ಲ ಕಡ್ಡಿ ಅಳೀತಿದ್ರಲ್ಲ, ಆಗ ಹತ್ತಿ ಇಳಿದು ಬಂದೆ.”

ಮಾಸ್ತರ ಕೈಯಲ್ಲಿದ್ದ ಕತ್ತರಿ ಅಲ್ಲೇ ನಿಂತಿತು. ಗಿರಾಕಿಗಳೂ ಗಲಾಟೆ ನಿಲ್ಲಿಸಿದರು. ಮಾಸ್ತರು ಎದ್ದು ನಿಂತು ತಮಗೆ ತಿಳಿದ ನ್ಯಾಯವನ್ನೆಲ್ಲ ಹೇಳಿದರು. ತಪ್ಪು ಅಳತೆ ನಂಬಿ ಮಾಡಿದ ವ್ಯಾಯಾಮ ಲೆಕ್ಕಕ್ಕೆ ಬರುವುದಿಲ್ಲ ಎಂದರು. ಟೇಪೇ ಸುಳ್ಳಾದ ಮೇಲೆ ಅದರಿಂದ ಬಂದ ಶಕ್ತಿ ನಿಜ ಹೇಗಾಗುತ್ತದೆ, ದಾರಿಯಲ್ಲಿ ಕೈಕೊಟ್ಟರೆ ಯಾರು ಹೊಣೆ ಎಂದರು. ಮೂಳೆ ಕಡ್ಡಿಯ ಹಾಗಿದೆ ಎಂದು ನೀವೇ ಹೇಳುತ್ತಿರಲಿಲ್ಲವೇ ಎಂದು ಕೇಳಿದರು.

“ನಾನು ಆಗೊಮ್ಮೆ ಈಗೊಮ್ಮೆ ಹೇಳಿದೆ. ನೀವು ದಿನಾ ಹೌದು ಅಂದ್ರಿ.”

“ನಿಮ್ಮ ಒಳ್ಳೇದಕ್ಕೆ ಅಂದೆ.”

“ಆಗಲಿ. ಈಗ ಒಳ್ಳೇದಾಗಿದೆ. ಬರ್ತೀನಿ.”

ಆಗ ಮಾಸ್ತರ ಸಹನೆ ಪಟ್ಟನೆ ಹರಿಯಿತು. ಇಷ್ಟು ವರ್ಷ ಬಚ್ಚಿಟ್ಟುಕೊಂಡಿದ್ದ ಮಾತು ಇಡೀ ಬೀದಿಯ ಮುಂದೆ ಬಾಯಿಂದ ಹೊರಗೆ ಬಿತ್ತು.

“ಹಾಗಾದ್ರೆ ಈ ಕಾಜಾ ಎಲ್ಲ ಯಾರ್ರೀ ಹಾಕೋದು? ಈ ಅಂಚೆಲ್ಲ ಯಾರು ಮಡಚೋದು? ನೀವು ಹೋದ್ರೆ ನಾನು ಬಾಗಿಲು ಹಾಕ್ಬೇಕು.”

ಅತ್ತೆ ಚೀಲ ಕೆಳಗಿಟ್ಟರು. ಮಾಸ್ತರಿಗೆ ಒಂದು ಕ್ಷಣ ಜೀವ ಬಂತು. ಆಕೆ ಸೆರಗು ಸರಿಮಾಡಿಕೊಂಡು, ಚೀಲವನ್ನು ಇನ್ನೊಂದು ಕೈಗೆ ಎತ್ತಿಕೊಂಡರು.

“ಹೀಗೆ ಮೊದಲೇ ಕೇಳಿದ್ರೆ ಮಾಡಿಕೊಡ್ತಿದ್ದೆ ಅಳಿಯಂದ್ರೇ. ಮೂಳೆ ಮುರಿಯುತ್ತೆ ಅಂತ ಹೆದರಿಸೋದು ಬೇಕಿರಲಿಲ್ಲ.”

ಮಗಳ ಕೆನ್ನೆ ಮುಟ್ಟಿ, ಅಲ್ಲಿಗೆ ಬಂದು ಹೋಗು, ಮೆಟ್ಟಿಲು ಹತ್ತಿದರೆ ನಿನ್ನ ಸೊಂಟಕ್ಕೂ ಒಳ್ಳೆಯದು ಎಂದು ಹೇಳಿ ಬೀದಿಗೆ ಇಳಿದರು. ಬೆನ್ನು ನೆಟ್ಟಗಿತ್ತು, ಹೆಜ್ಜೆ ಸಮನಾಗಿತ್ತು. ಜನ ಎರಡು ಪಕ್ಕಕ್ಕೂ ಸರಿದು ದಾರಿ ಬಿಟ್ಟರು. ಲೈಬ್ರರಿಯವರು ಬಾತುಕೊಂಡ ಹೆಗಲನ್ನು ನೀವಿಕೊಳ್ಳುತ್ತ ನೋಡುತ್ತಿದ್ದರು. ಮಾಸ್ತರೇ, ನೀವು ಕಲಿಸಿದ್ದರಲ್ಲಿ ಪಾಸಾದವರು ಇವರೊಬ್ಬರೇ ನೋಡಿ ಎಂದು ಬಹಳ ಗೌರವದಿಂದ ಹೇಳಿದರು. ಮಾಸ್ತರು, ಊಟದ ಹೊತ್ತಿಗೆ ಬರುತ್ತಾರೆ, ಆ ತಂಗಿಯ ಅಡುಗೆ ಬಾಯಿಗಿಡುವ ಹಾಗಿರುವುದಿಲ್ಲ ಎಂದು ತಮಗೆ ತಾವೇ ಹೇಳಿಕೊಂಡು ಮಿಷನ್ನಿನ ಮುಂದೆ ಕೂತರು.

ಊಟದ ಹೊತ್ತಾಯಿತು. ಬರಲಿಲ್ಲ. ಬಿಸಿಲು ಇಳಿಯಿತು. ಬರಲಿಲ್ಲ. ಮಾಸ್ತರು ಒಂದು ಕಾಜಾ ತಾವೇ ಹಾಕಲು ಹೋಗಿ ಬೆರಳು ಚುಚ್ಚಿಕೊಂಡರು. ಬೆರಳು ಬಾಯಲ್ಲಿಟ್ಟುಕೊಂಡು ಮೂಲೆಯ ಕಡೆ ನೋಡಿದಾಗ, ಕಿಟಕಿಯ ಕಟ್ಟೆಯ ಮೇಲೆ ಅತ್ತೆಯ ಕನ್ನಡಕ ಕಂಡಿತು. ಅವರ ಮುಖ ಅರಳಿತು.

“ಲೇ, ಇಲ್ಲಿ ನೋಡು. ಕನ್ನಡಕ ಬಿಟ್ಟು ಹೋಗಿದ್ದಾರೆ. ಅದಿಲ್ಲದೆ ಎಷ್ಟು ಹೊತ್ತು ಇರ್ತಾರೆ? ಬಂದೇ ಬರ್ತಾರೆ.”

ಹೆಂಡತಿ ಒಳಗಿನಿಂದ ಇಣುಕಿ ಕನ್ನಡಕ ನೋಡಿದಳು, ಗಂಡನ ಮುಖ ನೋಡಿದಳು.

“ಅದು ಕಾಜಾ ಹಾಕೋವಾಗ ಮಾತ್ರ ಬೇಕಾಗ್ತಿತ್ತು ರೀ,” ಎಂದಳು.